ಅಗ್ಗದ ಕೀಲಿಮಣೆಯ ತಂತ್ರಾಂಶವನ್ನು ಪರೀಕ್ಷಿಸುವುದು ಹೇಗೆ?

ಮೂರು ಸಾವಿರ ರೂಪಾಯಿಯೊಳಗಿನ ಮೆಕ್ಯಾನಿಕಲ್ ಕೀಲಿಮಣೆಗಳ ಜೊತೆ ಬರುವ ತಂತ್ರಾಂಶ ಚೆನ್ನಾಗಿದೆಯೋ ಇಲ್ಲವೋ ಎಂದು ತಿಳಿಯುವುದು ಹೇಗೆ, ಕನ್ನಡ ಟೈಪಿಂಗಿಗೂ ಅದು ನೆರವಾಗುತ್ತದೆಯೇ ಎಂದು ಕೇಳಿದ್ದೀರಿ.

ನಾನು ಮೊದಲು ನೋಡುವುದು, ಮಾಡಿದ ಬದಲಾವಣೆ ಕೀಲಿಮಣೆಯೊಳಗೇ ಉಳಿಯುತ್ತದೆಯೋ ಅಥವಾ ಕಂಪ್ಯೂಟರಿನಲ್ಲಿ ಉಳಿಯುತ್ತದೆಯೋ ಎಂಬುದನ್ನು. ಕ್ಯಾಪ್ಸ್ ಲಾಕನ್ನು ಕಂಟ್ರೋಲ್ ಆಗಿ ಬದಲಿಸಿ, ಕೇಬಲ್ ತೆಗೆದು, ಆ ತಂತ್ರಾಂಶವೇ ಇಲ್ಲದ ಬೇರೊಂದು ಕಂಪ್ಯೂಟರಿಗೆ ಜೋಡಿಸಿ ನೋಡಿ. ಅಲ್ಲಿಯೂ ಅದು ಕಂಟ್ರೋಲ್ ಆಗಿಯೇ ಕೆಲಸ ಮಾಡಿದರೆ ಅರ್ಧ ಪರೀಕ್ಷೆ ಮುಗಿದಂತೆ. ನಾನು ಮೊದಲು ಕೊಂಡಿದ್ದ ಕೀಲಿಮಣೆಯ ತಂತ್ರಾಂಶ ವಿಂಡೋಸ್‌ಗೆ ಮಾತ್ರ ಇತ್ತು. ದೀಪಗಳನ್ನು ಅಲೆಯಂತೆ, ಮಳೆಹನಿಯಂತೆ ಮಿನುಗಿಸಲು ಹತ್ತಾರು ಬಗೆಗಳಿದ್ದರೂ ಎಫ್‌ಎನ್ ಕೀಲಿಯ ಜಾಗ ಬದಲಿಸಲು ದಾರಿಯೇ ಇರಲಿಲ್ಲ. ಕಚೇರಿಯ ಕಂಪ್ಯೂಟರಿನಲ್ಲಿ ಹೊಸ ತಂತ್ರಾಂಶ ಹಾಕಿಕೊಳ್ಳಲು ಅನುಮತಿ ಇರಲಿಲ್ಲವಾದ್ದರಿಂದ ಮನೆಯಲ್ಲಿ ಕೂತು ಮಾಡಿಕೊಂಡ ಮ್ಯಾಕ್ರೊಗಳು (ಒಂದೇ ಕೀಲಿಗೆ ಕೂಡಿಸಿಟ್ಟ ಹಲವು ಒತ್ತುಗಳು) ಅಲ್ಲಿ ಕೆಲಸಕ್ಕೆ ಬರುತ್ತಿರಲಿಲ್ಲ.

ಆದ್ದರಿಂದ ಈಗ ಕ್ಯುಎಂಕೆ, ವಿಯಾ ಎಂಬ ಹೆಸರುಗಳನ್ನು ಹುಡುಕುತ್ತೇನೆ. ಕ್ಯುಎಂಕೆ ಎಂಬುದು ಕೀಲಿಮಣೆಯ ಚಿಪ್ಪಿನಲ್ಲೇ ಓಡುವ ಮುಕ್ತ ಫರ್ಮ್‌ವೇರ್; ವಿಯಾ ಅದನ್ನು ಹೊಂದಿಸಿಕೊಳ್ಳುವ ಸಾಧನ. ಕ್ರೋಮ್ ಅಥವಾ ಎಡ್ಜ್ ಬ್ರೌಸರಿನಲ್ಲೇ ತೆರೆದುಕೊಳ್ಳುವ ವಿಯಾದಲ್ಲಿ ‘ಸೇವ್’ ಗುಂಡಿಯೂ ಇಲ್ಲ, ಕೀಲಿ ಬದಲಿಸಿದ ಕೂಡಲೇ ಅದು ಕೀಲಿಮಣೆಯ ಸ್ಮೃತಿಗೆ ಸೇರುತ್ತದೆ. ಆದರೆ ಅಗ್ಗದ ಮಾದರಿಗಳಲ್ಲಿ ಒಂದು ತೊಡಕಿದೆ: ಹಲವನ್ನು ವಿಯಾ ತಾನಾಗಿ ಗುರುತಿಸುವುದಿಲ್ಲ, ಕೀಲಿಗಳ ಜೋಡಣೆಯ ವಿವರವಿರುವ, ತಯಾರಕರು ಕೊಡುವ ಜೇಸನ್ ಕಡತವನ್ನು ‘ಡಿಸೈನ್’ ವಿಭಾಗದಲ್ಲಿ ನಾವೇ ತೆರೆಯಬೇಕು. ಆ ಕಡತ ಸಿಗುತ್ತದೆಯೇ ಎಂದು ಹಣ ಕೊಡುವ ಮೊದಲೇ ತಯಾರಕರ ಜಾಲತಾಣದಲ್ಲಿ ನೋಡಿ, ಸಿಕ್ಕರೆ ಇಳಿಸಿಟ್ಟುಕೊಳ್ಳಿ. ವಿಯಾದಂಥದೇ ಇನ್ನೊಂದು ಸಾಧನವಾದ ವಯಲ್ ಇರುವ ಕೀಲಿಮಣೆಗಳಿಗೆ ಈ ತಾಪತ್ರಯವಿಲ್ಲ, ಆ ವಿವರ ಕೀಲಿಮಣೆಯಲ್ಲೇ ಇರುತ್ತದೆ. ಲಿನಕ್ಸ್‌ನಲ್ಲಿ ಕೀಲಿಮಣೆ ವಿಯಾಕ್ಕೆ ಕಂಡರೂ ತೆರೆಯದಿದ್ದರೆ ಕೀಲಿಮಣೆಯನ್ನು ದೂರಬೇಡಿ. ಜೋಡಿಸಿದ ಸಾಧನಗಳನ್ನು ಯಾರು ಬಳಸಬಹುದೆಂದು ಲಿನಕ್ಸ್‌ಗೆ ತಿಳಿಸುವ ಯುಡೆವ್ ನಿಯಮವೊಂದನ್ನು ಸೇರಿಸಿ ಅನುಮತಿ ಕೊಡಬೇಕಾಗಬಹುದು. ವೈರ್‌ಲೆಸ್ ಮಾದರಿಯಾದರೆ ಹೊಂದಿಸುವಾಗ ಕೇಬಲ್ ಹಾಕಿಕೊಳ್ಳಿ.

ಇನ್ನು ಕನ್ನಡದ ವಿಷಯ. ಕೀಲಿಮಣೆ ಕಂಪ್ಯೂಟರಿಗೆ ಕಳಿಸುವುದು ಅಕ್ಷರವನ್ನಲ್ಲ, ಯಾವ ಕೀಲಿಯನ್ನು ಒತ್ತಲಾಯಿತು ಎಂಬ ಸಂಕೇತವನ್ನು. ಕಗಪ ಎಂಬ ಕನ್ನಡ ಟೈಪಿಂಗ್ ವಿನ್ಯಾಸದಲ್ಲಿ ಎಫ್ ಒತ್ತಿದಾಗ ಒತ್ತಕ್ಷರ ಮೂಡಿಸುವುದು ಕಂಪ್ಯೂಟರಿನಲ್ಲಿರುವ ಕನ್ನಡ ವಿನ್ಯಾಸದ ಕೆಲಸವೇ ಹೊರತು ಕೀಲಿಮಣೆಯದಲ್ಲ. ಹಾಗಾಗಿ ಕನ್ನಡ ಅಕ್ಷರಗಳನ್ನು ಈ ತಂತ್ರಾಂಶದಲ್ಲಿ ಕೂರಿಸಲು ಹೋಗಬೇಡಿ. ಅದರ ಬದಲು ಭಾಷೆ ಬದಲಿಸುವ ವಿಂಡೋಸ್ ಮತ್ತು ಸ್ಪೇಸ್ ಜೋಡಿಯನ್ನು ಒಂದೇ ಕೀಲಿಗೆ ಕೊಟ್ಟುಕೊಳ್ಳಿ. ನನ್ನ ಕ್ಯಾಪ್ಸ್ ಲಾಕ್ ಈಗ ಮಾಡುತ್ತಿರುವುದು ಅದೊಂದೇ ಕೆಲಸ.