ರಿವಾಲ್ವರೋ ಪಿಸ್ತೂಲೋ? ಟ್ರಿಗರ್ ಹಗುರ ಇದ್ದರೆ ಸಾಕಾ?

ಪುಣೆಯಲ್ಲಿದ್ದೀರಿ, ಲೈಸೆನ್ಸ್ ಸಿಕ್ಕಿದೆ. ರಿವಾಲ್ವರ್ ತಗೊಳ್ಳಲಾ ಪಿಸ್ತೂಲಾ, ಟ್ರಿಗರ್ ಹಗುರ ಇದ್ದಷ್ಟೂ ಒಳ್ಳೆಯದಲ್ವಾ ಅಂತ ಕೇಳಿದ್ದೀರಿ. ನಾನು ಧಾರವಾಡದವನು, ಈಗ ಇಲ್ಲೇ ಬಾಣೇರ್ ಕಡೆ ಇದ್ದೇನೆ. ಬಾಲೇವಾಡಿ ರೇಂಜಿನಲ್ಲಿ ಏರ್ ಪಿಸ್ತೂಲ್ ಹೊಡೆಯುತ್ತೇನೆ.

ಹಗುರ ಟ್ರಿಗರ್ ರೇಂಜಿಗೆ ಚಂದ. ಸ್ಪರ್ಧೆಯಲ್ಲಿ ಟ್ರಿಗರ್ ಎಳೆಯಲು ಬೇಕಾದ ಬಲ 10 ಮೀಟರ್ ಏರ್ ಪಿಸ್ತೂಲಿಗೆ ಕನಿಷ್ಠ 500 ಗ್ರಾಂ, 25 ಮೀಟರ್ ಪಿಸ್ತೂಲಿಗೆ 1000 ಗ್ರಾಂ ಇರಬೇಕು ಅಂತ ನಿಯಮವಿದೆ. ಟ್ರಿಗರಿಗೆ ತೂಕ ನೇತುಹಾಕಿಯೇ ಪರೀಕ್ಷೆ ಮಾಡುತ್ತಾರೆ. ಆದರೆ ಅಲ್ಲಿ ಗುರಿ ಬಿಟ್ಟು ಬೇರೆ ಚಿಂತೆ ಇರುವುದಿಲ್ಲ. ಮನೆಯಲ್ಲಿ ಇಡುವ ಗನ್ನಿಗೆ ಆ ಲೆಕ್ಕ ಸರಿಹೋಗದು. ಗಾಬರಿಯಲ್ಲಿ ಬೆರಳು ಬಿಗಿಯಾದಾಗ ಹಗುರ ಟ್ರಿಗರ್ ನಿಮ್ಮನ್ನು ಕೇಳದೆಯೇ ಗುಂಡು ಬಿಡುತ್ತದೆ.

ಈಗ ಆಕ್ಷನ್ ವಿಷಯ, ಅಂದರೆ ಟ್ರಿಗರ್ ಏನೇನು ಕೆಲಸ ಮಾಡುತ್ತದೆ ಅನ್ನೋದು. ಸಿಂಗಲ್ ಆಕ್ಷನ್‌ನಲ್ಲಿ ಹ್ಯಾಮರ್ (ಬಡಿದು ಗುಂಡು ಸಿಡಿಸುವ ಸುತ್ತಿಗೆ) ಮೊದಲೇ ಹಿಂದೆ ಸರಿದಿರುತ್ತದೆ, ಟ್ರಿಗರ್ ಅದನ್ನು ಬಿಡಿಸುತ್ತದೆ ಅಷ್ಟೇ. ಎಳೆತ ಸುಮಾರು ಎರಡು ಕಿಲೋ, ಚಿಕ್ಕದು. ಡಬಲ್ ಆಕ್ಷನ್‌ನಲ್ಲಿ ಹ್ಯಾಮರ್ ಎತ್ತುವುದೂ ಟ್ರಿಗರಿನದೇ ಕೆಲಸ. ಹಾಗಾಗಿ ಎಳೆತ ಉದ್ದ, ನಾಲ್ಕೈದು ಕಿಲೋ ಆಗುತ್ತದೆ. ಕೆಲವು ಪಿಸ್ತೂಲುಗಳಲ್ಲಿ ಮೊದಲ ಗುಂಡು ಡಬಲ್, ಆಮೇಲಿನವು ಸಿಂಗಲ್. ನನಗೆ ಇದು ಅಷ್ಟಕ್ಕಷ್ಟೇ. ಮೊದಲ ಎಳೆತಕ್ಕೆ ಒಗ್ಗಿದ ಬೆರಳಿಗೆ ಎರಡನೆಯದು ಬೇರೆಯೇ ಗನ್ ಅನ್ನಿಸುತ್ತದೆ. ಗ್ಲಾಕ್ ತರಹದ ಸ್ಟ್ರೈಕರ್ ಪಿಸ್ತೂಲಿನಲ್ಲಿ (ಹ್ಯಾಮರ್ ಬದಲು ಒಳಗಿನ ಸ್ಪ್ರಿಂಗ್ ಪಿನ್ ಬಡಿಯುವಂಥದ್ದು) ಪ್ರತಿ ಸಲವೂ ಒಂದೇ ಎಳೆತ, ಸುಮಾರು ಎರಡೂವರೆ ಕಿಲೋ. ಅದರ ಹೊಗಳಿಕೆಯನ್ನು ಯೂಟ್ಯೂಬಿನಲ್ಲಿ ನೋಡಿ ಆಸೆ ಪಡಬೇಡಿ. ಅವು ಹೆಚ್ಚಾಗಿ 9 ಎಂಎಂ; ಅದು ನಮ್ಮಲ್ಲಿ ನಿಷೇಧಿತ ಬೋರ್ (ನಳಿಗೆಯ ಅಳತೆ), ಸಾಮಾನ್ಯ ಲೈಸೆನ್ಸಿಗೆ ಸಿಗುವುದಿಲ್ಲ.

ಹಾಗಾಗಿ ಕೊನೆಗೆ .32 ಬೋರಿನ ಹತ್ತಿರವೇ ಬರುತ್ತೀರಿ. ಮನೆಗಾದರೆ ಡಬಲ್ ಆಕ್ಷನ್ ರಿವಾಲ್ವರ್ ನನ್ನ ಆಯ್ಕೆ. ಗುಂಡು ಸಿಡಿಯದಿದ್ದರೆ ಮತ್ತೆ ಟ್ರಿಗರ್ ಎಳೆದರಾಯಿತು, ಸಿಲಿಂಡರ್ ತಿರುಗಿ ಮುಂದಿನದು ಬರುತ್ತದೆ. ಆದರೆ ತೀರಾ ಹಗುರ ಗನ್ ತಗೊಳ್ಳುವಾಗ ಯೋಚಿಸಿ. ಕಾನ್ಪುರದಲ್ಲಿ ತಯಾರಾಗಿ 2014ರಲ್ಲಿ ಬಂದ 'ನಿರ್ಭೀಕ್' ರಿವಾಲ್ವರಿನ ತೂಕ ಸುಮಾರು ಅರ್ಧ ಕಿಲೋ. ಪರ್ಸಿಗೆ ಸರಿ. ಆದರೆ ಅಷ್ಟು ಹಗುರದ ಗನ್ನಿನ ಟ್ರಿಗರನ್ನು ಅದಕ್ಕಿಂತ ಎಷ್ಟೋ ಪಟ್ಟು ಬಲ ಹಾಕಿ ಎಳೆದರೆ ಮೂತಿ ಅಲ್ಲಾಡದೆ ಇರುತ್ತದೆಯೇ?

ಅಂಗಡಿಯಲ್ಲಿ ಅನುಮತಿ ಕೇಳಿ, ಖಾಲಿ ಇದೆಯೆಂದು ನೀವೇ ಕಣ್ಣಾರೆ ನೋಡಿ, ಸುರಕ್ಷಿತ ದಿಕ್ಕಿಗೆ ಹಿಡಿದು ನಿಧಾನ ಎಳೆದು ನೋಡಿ. ಎಳೆತ ಒಂದೇ ಸಮ ಇದೆಯಾ, ನಡುವೆ ಗರಗರ ಅನ್ನುತ್ತದಾ, ಕೊನೆಯಲ್ಲಿ ಥಟ್ಟನೆ ಬಿಡುತ್ತದಾ ಅನ್ನೋದನ್ನು ಗಮನಿಸಿ. ಬೆರಳಿನ ಮೊದಲ ಗಿಣ್ಣು ಟ್ರಿಗರಿಗೆ ಆರಾಮವಾಗಿ ತಲುಪದಿದ್ದರೆ ಆ ಗನ್ ಬಿಟ್ಟುಬಿಡಿ. .22 ಆದರೆ ಮಾತ್ರ ಖಾಲಿ ಎಳೆಯಬೇಡಿ, ಗುಂಡಿಗೆ ಬಡಿಯುವ ಪಿನ್ ಹೋಗಿ ಚೇಂಬರಿನ (ಗುಂಡು ಕೂರುವ ಜಾಗ) ಅಂಚಿಗೆ ಬಡಿದು ಹಾಳಾಗಬಹುದು.