38ಕ್ಕೇ ವೇದಿಕೆ ಬಿಟ್ಟ ಜಾಕ್ ಬ್ರೆಲ್

ಪ್ರಶ್ನೆ: ಯೂಟ್ಯೂಬಿನಲ್ಲಿ ಗಾಯಕ ಜಾಕ್ ಬ್ರೆಲ್ ಅವರ ಕಪ್ಪು ಬಿಳುಪು ವಿಡಿಯೊ ನೋಡಿದೆ. ಹಾಡಿ ಹಾಡಿ ಬೆವರಲ್ಲಿ ತೊಯ್ದು ಹೋಗಿರುತ್ತಾರೆ. ಇಂಥವರು 38ನೇ ವಯಸ್ಸಿಗೇ ಸಂಗೀತ ಕಛೇರಿ ನಿಲ್ಲಿಸಿದರಂತೆ. ಕಂಠ ಕೆಟ್ಟಿತ್ತಾ, ಅವಕಾಶ ತಪ್ಪಿತ್ತಾ? ಫ್ರೆಂಚ್ ಬಾರದ ನಾನು ಮೊದಲು ಯಾವ ಹಾಡು ಕೇಳಬೇಕು?
– ಓದುಗರೊಬ್ಬರು, ಶಿವಮೊಗ್ಗ

ಉತ್ತರ: ಎರಡೂ ಅಲ್ಲ. ಬಿಟ್ಟಾಗ ಅವರು ಖ್ಯಾತಿಯ ತುತ್ತತುದಿಯಲ್ಲಿದ್ದರು. ಆ ಹೆಸರು ಸುಲಭಕ್ಕೆ ಬಂದದ್ದೂ ಅಲ್ಲ. 1929ರಲ್ಲಿ ಬ್ರಸೆಲ್ಸ್ ಪಕ್ಕದ ಸ್ಕಾರ್‌ಬೇಕ್‌ನಲ್ಲಿ ಹುಟ್ಟಿದವರು. ಫ್ರೆಂಚ್‌ನಲ್ಲಿ ಹಾಡಿದರೂ ಅವರು ಬೆಲ್ಜಿಯಂನವರು. ಅಪ್ಪನ ರಟ್ಟಿನ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದವರು ಅದನ್ನು ಬಿಟ್ಟು, ಹೆಂಡತಿ ಮಕ್ಕಳನ್ನು ಊರಲ್ಲೇ ಇರಿಸಿ, 1953ರಲ್ಲಿ ಪ್ಯಾರಿಸ್‌ಗೆ ಹೋದರು. ಅದೇ ವರ್ಷ ಬೆಲ್ಜಿಯಂನ ಕ್ನೋಕೆ ಪಟ್ಟಣದ ಹಾಡಿನ ಸ್ಪರ್ಧೆಯಲ್ಲಿ 28 ಜನರಲ್ಲಿ 27ನೆಯವರಾಗಿದ್ದರು! ಮೊದಲ ದೊಡ್ಡ ಯಶಸ್ಸು ಸಿಕ್ಕಿದ್ದು 1956ರಲ್ಲಿ. 1961ರಲ್ಲಿ ಖ್ಯಾತ ನಟಿ, ಗಾಯಕಿ ಮಾರ್ಲೀನ್ ಡೀಟ್ರಿಕ್ ಬರಲಾಗದೆ ಪ್ಯಾರಿಸ್‌ನ ಒಲಂಪಿಯಾ ರಂಗಮಂದಿರದ ಮುಖ್ಯ ಕಾರ್ಯಕ್ರಮ ಇವರಿಗೆ ಸಿಕ್ಕಿತು. ಆಮೇಲೆ ಹಿಂದಿರುಗಿ ನೋಡಲಿಲ್ಲ.

ನನ್ನ ಪ್ರಕಾರ ಬಿಟ್ಟ ಕಾರಣ ಅವರು ಹಾಡುತ್ತಿದ್ದ ರೀತಿಯಲ್ಲೇ ಇದೆ. ಕೆಲವು ವರ್ಷ 300ಕ್ಕೂ ಜಾಸ್ತಿ ಕಾರ್ಯಕ್ರಮ, ಒಂದೊಂದರಲ್ಲೂ ಕುಡುಕನೋ ಮುದುಕನೋ ಹತಾಶ ಪ್ರೇಮಿಯೋ ಆಗಿ, ಮೈಯೆಲ್ಲ ಬಳಸಿ ಹಾಡುವುದು, ಮರುದಿನ ಇನ್ನೊಂದು ಊರಲ್ಲಿ ಮತ್ತೆ ಅಷ್ಟೇ. ಜನ ಒನ್ಸ್ ಮೋರ್ ಎಂದು ಎಷ್ಟೇ ಕೂಗಲಿ, ಒಪ್ಪುತ್ತಿರಲಿಲ್ಲ. ಹೀಗೆ ಹಾಡುವವರಿಗೆ ಅರ್ಧ ಮನಸ್ಸಿನಿಂದ ಹಾಡಲು ಆಗುವುದಿಲ್ಲ. ಸುಮ್ನೆ ಅಭ್ಯಾಸಬಲದಿಂದ ಹಾಡುವ ದಿನ ಬರುವ ಮುಂಚೆಯೇ ಎದ್ದು ಹೋಗಬೇಕು ಅಂದುಕೊಂಡರು. 1966ರಲ್ಲಿ ಒಲಂಪಿಯಾದಲ್ಲಿ ವಿದಾಯ ಹೇಳಿದರು. ಆದರೂ ಮೊದಲೇ ಒಪ್ಪಿಕೊಂಡಿದ್ದ ಊರುಗಳಿಗೆಲ್ಲ ಹೋಗಿ ಹಾಡಿ, 1967ರ ಮೇನಲ್ಲಿ ಫ್ರಾನ್ಸಿನ ರೂಬೆ ಪಟ್ಟಣದಲ್ಲಿ ಮುಗಿಸಿದರು. ಕೊಟ್ಟ ಮಾತು ಉಳಿಸಿಕೊಂಡ ಈ ಗುಣ ನನಗೆ ತುಂಬಾ ಇಷ್ಟ.

ಆಮೇಲೂ ಸುಮ್ಮನೆ ಕೂರಲಿಲ್ಲ. ಡಾನ್ ಕ್ವಿಕ್ಸೋಟ್ ಕಥೆಯ ಸಂಗೀತ ನಾಟಕವನ್ನು ತಾವೇ ಫ್ರೆಂಚ್‌ಗೆ ತಂದು 1968ರಲ್ಲಿ ನಟಿಸಿದರು, ಸಿನಿಮಾ ಮಾಡಿದರು. 1974ರಲ್ಲಿ ಹಾಯಿದೋಣಿ ಹತ್ತಿ ಹೊರಟರು. ಅದೇ ವರ್ಷ ಶ್ವಾಸಕೋಶದ ಕ್ಯಾನ್ಸರ್ ಗೊತ್ತಾಯಿತು, ಶಸ್ತ್ರಚಿಕಿತ್ಸೆಯೂ ಆಯಿತು. ಕೊನೆಗೆ ಪೆಸಿಫಿಕ್ ಸಾಗರದ ಹಿವಾ ಓವಾ ದ್ವೀಪದಲ್ಲಿ ನೆಲೆಸಿ, ಸ್ವಂತ ಪುಟ್ಟ ವಿಮಾನದಲ್ಲಿ ಅಲ್ಲಿನವರ ಟಪಾಲು, ರೋಗಿಗಳನ್ನು ಸಾಗಿಸುತ್ತಿದ್ದರು. 1977ರಲ್ಲಿ ಕೊನೆಯ ಆಲ್ಬಂ ಬಂತು. 1978ರ ಅಕ್ಟೋಬರ್‌ನಲ್ಲಿ ತೀರಿಕೊಂಡಾಗ ಬರೀ 49 ವರ್ಷ.

ಮೊದಲು 1964ರ ಒಲಂಪಿಯಾದ 'ಆಮ್‌ಸ್ಟರ್‌ಡಾಮ್' ಕೇಳಿ. ಇದನ್ನು ಅವರು ಸ್ಟುಡಿಯೊದಲ್ಲಿ ಧ್ವನಿಮುದ್ರಿಸಲೇ ಇಲ್ಲ. ಬಂದರಿನ ನಾವಿಕರ ಹಾಡು, ಮೆಲ್ಲಗೆ ಶುರುವಾಗಿ ಏರುತ್ತಲೇ ಹೋಗುತ್ತದೆ, ಭಾಷೆ ಗೊತ್ತಿಲ್ಲದಿದ್ದರೂ ಹಿಡಿದು ಕೂರಿಸುತ್ತದೆ. ನಂತರ 1959ರ 'ನ ಮ ಕಿಟ್ ಪಾ', ಅಂದರೆ 'ನನ್ನ ಬಿಟ್ಟು ಹೋಗಬೇಡ'. ಎಲ್ಲರೂ ಇದನ್ನು ಪ್ರೇಮಗೀತೆ ಅನ್ನುತ್ತಾರೆ, ಆದರೆ ಇದು ಗಂಡಸರ ಹೇಡಿತನದ ಹಾಡು ಎಂದು ಬ್ರೆಲ್ ಅವರೇ ಹೇಳಿದ್ದರು. ಪ್ರಿಯತಮೆಯ ನಾಯಿಯ ನೆರಳಾಗಿಯಾದರೂ ಇರುತ್ತೇನೆ ಎಂದು ಅಂಗಲಾಚುವ ಸಾಲು ಇದೆ. ಅನುವಾದ ಹುಡುಕಿ ಪಕ್ಕದಲ್ಲಿಟ್ಟುಕೊಂಡೇ ಇದನ್ನು ಕೇಳಿ.