ಫ್ರಾಂಟಿಯರ್ ಹೌಸ್ ಶೋದಲ್ಲಿ ಆ ಕುಟುಂಬಗಳು ನಿಜವಾಗಲೂ 1883ರ ಹಾಗೆ ಬದುಕಿದರಾ?

ಕಷ್ಟ ನಿಜ, ಭಯ ನಿಜವಲ್ಲ ಅನ್ನಬಹುದು.

ಗೊತ್ತಿಲ್ಲದವರಿಗೆ: ಇದು 2002ರಲ್ಲಿ ಅಮೆರಿಕದ ಪಿಬಿಎಸ್ ಟಿವಿಯಲ್ಲಿ ಬಂದ ರಿಯಾಲಿಟಿ ಶೋ. ಮೂರು ಕುಟುಂಬಗಳನ್ನು ಅಲ್ಲಿನ ಮೊಂಟಾನಾ ರಾಜ್ಯದ ಒಂದು ಕಣಿವೆಗೆ ಕಳಿಸಿ, 1883ರಲ್ಲಿ ಸಿಗುತ್ತಿದ್ದ ಬಟ್ಟೆ, ಪಾತ್ರೆ, ಹತಾರಗಳಲ್ಲೇ ಸುಮಾರು ಐದು ತಿಂಗಳು ಸಂಸಾರ ಮಾಡಿ ಅಂದರು. ಸೌದೆ ಒಡೆಯೋದು, ಹಾಲು ಕರೆಯೋದು, ಮರದ ದಿಮ್ಮಿ ಜೋಡಿಸಿ ಮನೆ ಕಟ್ಟೋದು, ಯಾವುದೂ ಸುಮ್ನೆ ಕ್ಯಾಮೆರಾಗೆ ಮಾಡಿದ್ದಲ್ಲ. ಒಬ್ಬ ಯಜಮಾನರಂತೂ ತೂಕ ಇಳಿದಿದ್ದು ನೋಡಿ, ಹೊಟ್ಟೆಗೆ ಸಾಲದೆ ಹೀಗಾಯ್ತು ಅಂತ ಗಾಬರಿಯಾಗಿಬಿಟ್ಟರು. ಡಾಕ್ಟರ್ ನೋಡಿ, ನೀವು ಚೆನ್ನಾಗೇ ಇದ್ದೀರಿ ಅಂದರು!

ಆದರೆ ಈಗಿನ ಕಾನೂನು ಕಣಿವೆಯೊಳಗೂ ಇತ್ತಲ್ಲ. ಆಗಿನವರು ಮಾಂಸಕ್ಕೆ ಬೇಟೆಯಾಡುತ್ತಿದ್ದರು, ಇವರು ಬೇಟೆ ನಿಯಮ ಮುರಿಯುವಂತಿರಲಿಲ್ಲ. ಒಂದು ಮನೆಯವರು ಕದ್ದುಮುಚ್ಚಿ ಸ್ಪ್ರಿಂಗ್ ಹಾಸಿಗೆ ತಂದುಕೊಂಡಿದ್ದೂ ಉಂಟು.

ನನಗೆ ದೊಡ್ಡ ಕೊರತೆ ಅನ್ನಿಸಿದ್ದು ಬೇರೆ. ನೆಲೆಸಲು ಬಂದವರಿಗೆ ಸರ್ಕಾರಿ ನೆಲ ಕೊಡುತ್ತಿದ್ದ 1862ರ ಹೋಮ್‌ಸ್ಟೆಡ್ ಕಾಯ್ದೆಯಲ್ಲಿ 160 ಎಕರೆ ಸಿಗುತ್ತಿತ್ತು, ಆದರೆ ಅಲ್ಲೇ ಐದು ವರ್ಷ ನೆಲೆಸಿ ಉಳುಮೆ ಮಾಡಿದ ಮೇಲೆ ಹಕ್ಕುಪತ್ರ. ಶೋ ಮಾತ್ರ ಒಂದು ಚಳಿಗಾಲಕ್ಕೂ ಮುಂಚೆಯೇ ಮುಗಿದುಹೋಯ್ತು. ಮೊಂಟಾನಾದಲ್ಲಿ ಅಸಲಿ ಪರೀಕ್ಷೆ ಶುರುವಾಗೋದೇ ಹಿಮ ಬಿದ್ದ ಮೇಲೆ, ಅಲ್ವಾ? ಅದರ ಬದಲು ತಜ್ಞರು ಬಂದು ಕೂಡಿಟ್ಟ ಸೌದೆ, ಹುಲ್ಲು, ದವಸ ನೋಡಿ ಯಾರು ಚಳಿಗಾಲ ದಾಟುತ್ತಿದ್ದರು ಅಂತ ತೀರ್ಪು ಕೊಟ್ಟರು.